ನಾಲ್ಕು ಗೂಟಗಳ ಜಾಗ

ಸ್ಪೀನೆ, 4 ನವೆಂಬರ್ 1954

ಮಾನ್ಯ ವಿಸ್ಕಾರ್ದಿಯವರೇ,

ನಿನ್ನೆ ಮಧ್ಯಾಹ್ನ ಮೂರು ಗಂಟೆಗೆ ನಮ್ಮ ಮೇಲೂರು ಮೊಂತೆಫೊಸ್ಕೊದ ಕೊನೆಯ ಕುಟುಂಬ ಗುಡ್ಡ ಇಳಿದು ಸ್ಪೀನೆಗೆ ಬಂತು. ಇದನ್ನು ಹೇಳಿದವನು ಗಾಡಿ ಹೊಡೆಯುವ ದೊನಾತೊ. ಅವರ ಸಾಮಾನು ತಂದವನೂ ಅವನೇ. ಅವನ ಪ್ರಕಾರ ಒಟ್ಟು ಅರವತ್ತೆರಡು ಮನೆ ತುಂಬಿದೆ. ನನ್ನ ಶಾಲೆಯ ಪಟ್ಟಿಯೂ ಅದನ್ನೇ ಹೇಳುತ್ತದೆ. ಇಂದು ಬೆಳಿಗ್ಗೆ ಸರ್ಕಾರದ ಕೆಲಸದವರು ಮೇಲೂರಿನ ಗುಹೆಮನೆಗಳ ಬಾಗಿಲಿಗೆ ಇಟ್ಟಿಗೆ ಕಟ್ಟಲು ಶುರುಮಾಡಿದರು, ಯಾರೂ ಮರಳಿ ಹೋಗಬಾರದೆಂದು.

ನೀವು ಕಟ್ಟಿಸಿದ ಊರಿನಲ್ಲಿ ಜನ ಹೇಗೆ ಬದುಕುತ್ತಿದ್ದಾರೆಂದು ಇದ್ದದ್ದನ್ನು ಇದ್ದ ಹಾಗೆ ಬರೆಯಿರಿ ಎಂದಿದ್ದಿರಿ. ಬರೆಯುತ್ತೇನೆ.

ಕಿಟಕಿಗಳನ್ನು ಎಲ್ಲರೂ ಮೆಚ್ಚಿದ್ದಾರೆ. ನಲ್ಲಿಯಲ್ಲಿ ನೀರು ಬರುತ್ತದೆ. ಮಕ್ಕಳ ಕೆಮ್ಮು ಕಡಿಮೆಯಾಗಿದೆ ಎಂದು ದಾದಿ ಹೇಳುತ್ತಾಳೆ. ಹೇಸರಗತ್ತೆಗಳ ಕೊಟ್ಟಿಗೆಯನ್ನು ಮನೆಯಿಂದ ನಲವತ್ತು ಮೀಟರ್ ದೂರ ಇಟ್ಟಿದ್ದೀರಿ. ಅದು ಆರೋಗ್ಯಕ್ಕೆ ಒಳ್ಳೆಯದೆಂದು ನಾನೇ ಮನೆಮನೆಗೆ ಹೋಗಿ ವಿವರಿಸಿದೆ. ದೊನಾತೊ ಅಂದ: "ಇಪ್ಪತ್ತು ವರ್ಷ ಒಂದೇ ಕೋಣೇಲಿ ಹೇಸರಗತ್ತೆ ಉಸಿರು ಕೇಳ್ಕೊಂಡು ಮಲಗಿದ್ದೀನಿ ಟೀಚರಮ್ಮ. ಈಗ ಹೆಂಡ್ತಿ ಗೊರಕೆ ಒಂದೇ ಗತಿ."

ಇನ್ನು ಒಲೆಯ ಮಾತು. ಮೂರನೆಯ ಮತ್ತು ನಾಲ್ಕನೆಯ ಅಂಗಳದ ನಡುವೆ ನಿಮ್ಮ ನಕ್ಷೆಯಲ್ಲಿ ಒಂದು ವೃತ್ತವಿತ್ತು. ಅದು ಊರ ಒಲೆ, ಎಲ್ಲರ ರೊಟ್ಟಿ ಬೇಯುವ ಜಾಗ. ಈಗ ಅಲ್ಲಿ ನಾಲ್ಕು ಗೂಟ ಮಾತ್ರ ಇವೆ. ಅದರ ಬದಲು ಪ್ರತಿ ಅಡುಗೆಮನೆಯಲ್ಲೂ ಒಂದು ಪುಟ್ಟ ಒಲೆ ಕೂರಿಸಿದ್ದಾರೆ. ಎರಡು ರೊಟ್ಟಿ ಹಿಡಿಯುತ್ತದೆ. ನಮ್ಮಲ್ಲಿ ಹತ್ತು ದಿನಕ್ಕೊಮ್ಮೆ ಒಂದು ಮನೆಗೆ ಆರು ದೊಡ್ಡ, ದಪ್ಪ ರೊಟ್ಟಿ ಬೇಯುವುದು ನಿಮಗೆ ಗೊತ್ತು. ಮೇಲೂರಿನ ಒಲೆಯನ್ನು ನಲವತ್ತು ವರ್ಷ ನೋಡಿಕೊಂಡ ರೊಕ್ಕೀನಾ ಅಜ್ಜಿ ಅದರೊಳಗೆ ಇಣುಕಿ, "ಇದು ಒಲೆಯೋ, ಇಂಜಿನಿಯರಪ್ಪನ ಟೋಪಿ ಪೆಟ್ಟಿಗೆಯೋ?" ಅಂದರು. ನೀವು ಇಂಜಿನಿಯರ್ ಅಲ್ಲ, ವಾಸ್ತುಶಿಲ್ಪಿ ಎಂದು ನಾನು ಮತ್ತೆ ಹೇಳಿದೆ. "ಯಾವನಾದ್ರೂ ಆಗ್ಲಿ, ಒಲೆ ಮೊದಲು, ಮನೆ ಆಮೇಲೆ ಅಂತ ನನ್ನ ಮುಂದೆ ಮಾತು ಕೊಟ್ಟಿದ್ದ" ಅಂದರು.

ರೋಮಿನ ಸರ್ಕಾರಿ ಕಚೇರಿಯವರೇ ಅದನ್ನು ತಡೆದಿರಬೇಕೆಂದು ಊರಿಗೆ ಹೇಳಿದ್ದೇನೆ. ಯಾವಾಗ ಬರುತ್ತದೆಂದು ತಿಳಿಸಿ.

1951ರಲ್ಲಿ ನಾವು ಮೇಲೂರಿನ ಮನೆಗಳನ್ನು ಅಳೆದ ಟೇಪು ನನ್ನ ಮೇಜಿನ ಖಾನೆಯಲ್ಲಿದೆ. ಏಳು ವಾರ ಒಂದು ತುದಿ ನೀವು, ಇನ್ನೊಂದು ತುದಿ ನಾನು ಹಿಡಿದದ್ದು. ಬೇಕಾದರೆ ಹೇಳಿ, ಕಳಿಸುತ್ತೇನೆ.

ಸೆರಾಫಿನಾ ಲಸಾಲ್ವಿಯಾ
ಶಾಲಾ ಶಿಕ್ಷಕಿ


ಮಿಲಾನ್, 21 ನವೆಂಬರ್ 1954

ಮಾನ್ಯ ಸೆರಾಫಿನಾ ಅವರೇ,

ನಿಮ್ಮ ವರದಿ ಹದಿನೈದನೇ ತಾರೀಖು ತಲುಪಿತು. ಕಚೇರಿಯಲ್ಲಿ ಗಟ್ಟಿಯಾಗಿ ಓದಿದೆ. ಟೋಪಿ ಪೆಟ್ಟಿಗೆಯ ಮಾತಿಗೆ ಎಲ್ಲರೂ ನಕ್ಕರು. ನಾನು ನಗಲಿಲ್ಲ.

ಇಲ್ಲಿ ವಾದ ಮುಗಿಯುವುದೇ ಇಲ್ಲ. ನಮ್ಮ ಹಿರಿಯ ಪಾಲುದಾರ ಬ್ರುಸಾಫೆರ್ರಿ ಸ್ಪೀನೆಯ ನಕ್ಷೆ ನೋಡಿದಾಗಲೆಲ್ಲ ತಲೆಯಾಡಿಸುತ್ತಾರೆ. ಅವರ ಕಾಲದವರು ಊರನ್ನು ದಾರ ಹಿಡಿದು ಎಳೆದವರು: ಸಾಲು ನೆಟ್ಟಗೆ, ಎಲ್ಲ ಮನೆಗೂ ಒಂದೇ ದಿಕ್ಕು, ಒಂದೇ ಬಿಸಿಲು. "ಏನಯ್ಯಾ ಇದು, ಬಡವರ ಊರನ್ನ ನೋಡಿ ನಕಲು ಹೊಡೆದಿದ್ದೀಯ. ಕನಿಕರಾನೂ ಒಂದು ವಿನ್ಯಾಸ ಅಂದ್ಕೊಂಡ್ಯಾ?" ಅನ್ನುತ್ತಾರೆ. ನಾನು ಉತ್ತರ ಕೊಡುತ್ತೇನೆ: ಹನ್ನೊಂದು ಬಾಗಿಲು ಒಂದು ಅಂಗಳಕ್ಕೆ ತೆರೆದರೆ ಅದು ನಕಲಲ್ಲ, ಐನೂರು ವರ್ಷ ಜನರೇ ಪರೀಕ್ಷೆ ಮಾಡಿ ಪಾಸು ಮಾಡಿದ ನಕ್ಷೆ. ಆಗ ಅವರು ಕಾಫಿ ತರಿಸುತ್ತಾರೆ.

ಒಲೆಯ ವಿಷಯ ರೋಮಿನಲ್ಲಿ ಪರಿಶೀಲನೆಯಲ್ಲಿದೆ. ಇಷ್ಟೇ ಹೇಳಬಲ್ಲೆ.

ಇದರ ಜೊತೆ ಒಂದು ಸಣ್ಣ ಪೆಟ್ಟಿಗೆ ಕಳಿಸಿದ್ದೇನೆ. ಸ್ಪೀನೆಯ ಮರದ ಮಾದರಿ ಮಾಡುವಾಗ ಒಂದು ತುಂಡು ಅಕ್ರೋಟ್ ಮರ ಉಳಿದಿತ್ತು. ಅದರಿಂದ ನಿಮ್ಮ ಕಡೆಯ ರೊಟ್ಟಿಯ ಅಚ್ಚೊಂದನ್ನು ಕೆತ್ತಿದೆ. ಕೆಳಗೆ ನನ್ನ ಹೆಸರಿನ ಎರಡು ಅಕ್ಷರ, ಹಿಡಿಯ ಮೇಲೆ ಹುಂಜ. ಸರಿಯಾಗಿದೆಯೇ ನೋಡಿ ಹೇಳಿ.

ಟೇಪು ಅಲ್ಲೇ ಇರಲಿ.

ಎರ್ಮನ್ನೊ ವಿಸ್ಕಾರ್ದಿ


ಸ್ಪೀನೆ, 12 ಡಿಸೆಂಬರ್ 1954

ಮಾನ್ಯ ವಿಸ್ಕಾರ್ದಿಯವರೇ,

ಪೆಟ್ಟಿಗೆ ಮಂಗಳವಾರ ಬಂತು. ಅಂಚೆಯವನು ಅದನ್ನು ಅಂಗಳದ ನಡುವೆಯೇ ಕೊಟ್ಟ. ನಾನೂ ವಿಚಾರ ಮಾಡದೆ ಅಲ್ಲೇ ಬಿಚ್ಚಿದೆ. ಹನ್ನೊಂದು ಬಾಗಿಲಿನವರೂ ನೋಡಿದರು.

ಕೆತ್ತನೆ ಅಚ್ಚುಕಟ್ಟಾಗಿದೆ. ಹುಂಜ ಮಾತ್ರ ಬಾತುಕೋಳಿಯ ಹಾಗಿದೆ.

ನಿಮಗೆ ತಿಳಿಯದೆ ಆದದ್ದು, ಆದ್ದರಿಂದ ಒಂದು ವಿಷಯ ಹೇಳಿಬಿಡುತ್ತೇನೆ. ಮೇಲೂರಿನಲ್ಲಿ ಎಲ್ಲರ ರೊಟ್ಟಿ ಒಂದೇ ಒಲೆಯಲ್ಲಿ ಬೇಯುತ್ತಿತ್ತು. ಯಾರದು ಯಾವುದೆಂದು ಗೊತ್ತಾಗಲು ಹಸಿ ಹಿಟ್ಟಿನ ಮೇಲೆ ಮನೆಯ ಅಚ್ಚು ಒತ್ತುತ್ತಿದ್ದರು. ಇಷ್ಟು ನೀವು ಕಂಡಿದ್ದೀರಿ. ಕಾಣದ್ದು ಇದು: ಗಂಡೊಬ್ಬ ತನ್ನ ಹೆಸರಿನ ಅಚ್ಚು ಕೆತ್ತಿ ಹೆಣ್ಣಿಗೆ ಕೊಟ್ಟರೆ ಮದುವೆಗೆ ಕೇಳಿದ ಹಾಗೆ. ಅವಳು ಮುಂದಿನ ಸರದಿಯ ರೊಟ್ಟಿಗೆ ಅದನ್ನು ಒತ್ತಿದರೆ ಒಪ್ಪಿಗೆ. ಒಲೆಯಿಂದ ರೊಟ್ಟಿ ಹೊರಬಂದಾಗ ಊರೇ ಓದುತ್ತದೆ.

ಗಾಬರಿಯಾಗಬೇಡಿ. ನೀವು ಮಿಲಾನಿನವರು, ಇದು ಕಚೇರಿಯ ಮಾದರಿಯ ಒಂದು ಚೂರು ಎಂದು ಎಲ್ಲರಿಗೂ ಅಲ್ಲೇ ಹೇಳಿಬಿಟ್ಟೆ. ರೊಕ್ಕೀನಾ ಅಜ್ಜಿ ನಗುತ್ತಾ ಏನೋ ಹೇಳಲು ಬಂದರು. ನಾನು ಕೇಳಿಸಿಕೊಳ್ಳಲಿಲ್ಲ. ಅಚ್ಚನ್ನು ಶಾಲೆಯ ಕಪಾಟಿನಲ್ಲಿ ನಿಮ್ಮ ನಕ್ಷೆಗಳ ಪಕ್ಕ ಇಟ್ಟಿದ್ದೇನೆ. ನಿಮ್ಮ ಹೆಸರಿಗೆ ಯಾವ ಮುಜುಗರವೂ ಆಗುವುದಿಲ್ಲ.

ಎರಡನೇ ವರದಿ: ಅರವತ್ತೆರಡು ಪುಟ್ಟ ಒಲೆಗಳಲ್ಲಿ ಒಂಬತ್ತರಲ್ಲಿ ಮಾತ್ರ ರೊಟ್ಟಿ ಬೇಯುತ್ತಿದೆ. ಉಳಿದವುಗಳಲ್ಲಿ ಚಪ್ಪಲಿ, ಈರುಳ್ಳಿ, ಒಂದರಲ್ಲಿ ಕಾವಿಗೆ ಕೂತ ಕೋಳಿ. ಎರಡು ರೊಟ್ಟಿಗೆ ಬೇಕಾಗುವ ಸೌದೆಯಲ್ಲಿ ಮೇಲೂರಿನಲ್ಲಿ ಇಪ್ಪತ್ತು ಬೇಯುತ್ತಿದ್ದವು. ಪಟ್ಟಣದ ಬೇಕರಿಯ ವ್ಯಾನು ಈಗ ದಿನ ಬಿಟ್ಟು ದಿನ ಬರುತ್ತದೆ. ಅದರ ರೊಟ್ಟಿ ಎಲ್ಲ ಮನೆಗೂ ಒಂದೇ. ಅಚ್ಚು ಒತ್ತುವವರು ಯಾರೂ ಇಲ್ಲ.

ಕ್ರಿಸ್‌ಮಸ್ ಹಬ್ಬದ ಶುಭಾಶಯ.

ಸೆರಾಫಿನಾ ಲಸಾಲ್ವಿಯಾ


ಮಿಲಾನ್, 3 ಜನವರಿ 1955

ಮಾನ್ಯ ಸೆರಾಫಿನಾ ಅವರೇ,

ವಿವರಿಸಿದ್ದಕ್ಕೆ ಕೃತಜ್ಞ. ನನಗೆ ಗೊತ್ತಿರಲಿಲ್ಲ. ನೀವು ಅದನ್ನು ನಾಜೂಕಾಗಿ ನಿಭಾಯಿಸಿದ್ದೀರಿ. ಅಚ್ಚನ್ನು ಮರಳಿಸುವ ತೊಂದರೆ ತೆಗೆದುಕೊಳ್ಳಬೇಡಿ.

ಈಸ್ಟರ್ ಹೊತ್ತಿಗೆ ಸ್ಪೀನೆಗೆ ಬರುವ ವಿಚಾರವಿತ್ತು. ಈಗ ಕೆಲಸದ ಒತ್ತಡದಿಂದ ಆಗಲಾರದು.

ಒಂಬತ್ತು ಒಲೆಯ ಅಂಕಿಯನ್ನು ಬರೆದುಕೊಂಡೆ.

ಎ. ವಿಸ್ಕಾರ್ದಿ


ಸ್ಪೀನೆ, 30 ಏಪ್ರಿಲ್ 1955

ಮಾನ್ಯ ವಿಸ್ಕಾರ್ದಿಯವರೇ,

ಮೂರನೇ ವರದಿ. ಒಲೆಗಳು: ಒಂಬತ್ತರಿಂದ ನಾಲ್ಕಕ್ಕೆ ಇಳಿದಿವೆ. ಕೊಟ್ಟಿಗೆ: ದೊನಾತೊ ಅಲ್ಲೇ ಮಂಚ ಹಾಕಿಕೊಂಡಿದ್ದಾನೆ, ಹೆಂಡತಿ ಆಕ್ಷೇಪಿಸಿಲ್ಲ. ಸ್ನಾನದ ತೊಟ್ಟಿ: ನಮ್ಮವರು ಅದರಲ್ಲಿ ಅಡುಗೆಗೆ ತುಳಸಿ ಬೆಳೆಯುತ್ತಾರೆಂದು ನಿಮ್ಮ ಉತ್ತರದ ಕಡೆಯ ಪತ್ರಿಕೆಯೊಂದು ಬರೆದಿದೆಯಂತೆ. ಅರವತ್ತೆರಡು ಮನೆಯನ್ನೂ ನೋಡಿ ಬಂದೆ. ಎಲ್ಲೂ ತುಳಸಿ ಇಲ್ಲ. ಒಂದು ಮನೆಯಲ್ಲಿ ಟೊಮೇಟೊ ತೊಳೆಯುತ್ತಿದ್ದರು.

ಅಂಗಳಗಳು: ಸಂಜೆ ಹೆಂಗಸರು ಕೂರುತ್ತಾರೆ, ಆದರೆ ಬೇಗ ಒಳಗೆ ಹೋಗುತ್ತಾರೆ. ಯಾಕೆಂದು ಕೇಳಿದೆ. "ಕಾಯೋಕೆ ಏನಿದೆ?" ಅಂದರು. ಮೇಲೂರಿನಲ್ಲಿ ರೊಟ್ಟಿ ಬೇಯುವ ತನಕ ಮಾತಿಗೆ ಹೊತ್ತು ಸಿಗುತ್ತಿತ್ತು.

ನಾಲ್ಕು ಗೂಟಗಳಲ್ಲಿ ಒಂದನ್ನು ಆಡು ಕಿತ್ತಿತು. ಮತ್ತೆ ನೆಟ್ಟೆ.

ಈಸ್ಟರ್ ದಿನಗಳಲ್ಲಿ ಬಸ್ಸು ಬಂದಾಗಲೆಲ್ಲ ನೋಡಿದೆ, ಶಾಲೆಯ ಕಿಟಕಿಯಿಂದ ನಿಲ್ದಾಣ ಚೆನ್ನಾಗಿ ಕಾಣುತ್ತದೆ. ಕಿಟಕಿಯನ್ನು ಆ ಕಡೆಗೇ ಇಟ್ಟದ್ದು ಒಳ್ಳೆಯ ಯೋಜನೆ.

ಸೆರಾಫಿನಾ ಲಸಾಲ್ವಿಯಾ


ಮಿಲಾನ್, 15 ಜೂನ್ 1956

ಮಾನ್ಯ ಶಿಕ್ಷಕಿಯವರೇ,

ಸ್ಪೀನೆ ಕುರಿತ ಅಧ್ಯಯನವನ್ನು ನಮ್ಮ ಕಚೇರಿ ಈ ತಿಂಗಳಿಗೆ ಮುಕ್ತಾಯ ಮಾಡಿದೆ. ಇನ್ನು ವರದಿ ಕಳಿಸುವ ಅಗತ್ಯವಿಲ್ಲ. ತಮ್ಮ ಸಹಕಾರಕ್ಕೆ ಕಚೇರಿ ಋಣಿ.

ನಾನು ತೊರಿನೊ ನಗರದ ಹೊರವಲಯದಲ್ಲಿ ಕಾರ್ಖಾನೆ ಕೆಲಸಗಾರರಿಗಾಗಿ ಎಂಟು ಅಂತಸ್ತಿನ ಹದಿನಾಲ್ಕು ಕಟ್ಟಡಗಳ ಕೆಲಸಕ್ಕೆ ಹೋಗುತ್ತಿದ್ದೇನೆ. ಸಾಲು ನೆಟ್ಟಗಿದೆ. ಬ್ರುಸಾಫೆರ್ರಿಯವರು ತೃಪ್ತರಾಗಿದ್ದಾರೆ.

(ಬೆರಳಚ್ಚಿನ ಕೆಳಗೆ ಕೈಬರಹದಲ್ಲಿ:) ಅಲ್ಲಿನ ಅರ್ಧ ಕಟ್ಟಿದ ಮೆಟ್ಟಿಲುಗಳಲ್ಲಿ, ಕೂಲಿಗೆ ಬಂದವರ ಬಾಯಲ್ಲಿ, ನಿಮ್ಮ ಕಡೆಯ ಮಾತು ಕೇಳಿಸುತ್ತದೆ. ನಿಂತು ಕೇಳುತ್ತೇನೆ. ಅರ್ಥ ಹೇಳಲು ಪಕ್ಕದಲ್ಲಿ ಯಾರೂ ಇರುವುದಿಲ್ಲ.

ಎ. ವಿಸ್ಕಾರ್ದಿ


ಸ್ಪೀನೆ, 8 ಫೆಬ್ರವರಿ 1959

ಮಾನ್ಯ ವಿಸ್ಕಾರ್ದಿಯವರೇ,

ಸ್ಪೀನೆಯ ಹೆಂಗಸರು ಕಳೆದ ಭಾನುವಾರ ಚರ್ಚಿನ ಮುಂದೆ ಸೇರಿ, ನಾಲ್ಕು ಗೂಟಗಳ ಜಾಗದಲ್ಲಿ ಊರ ಒಲೆಯನ್ನು ತಾವೇ ಕಟ್ಟುವುದೆಂದು ತೀರ್ಮಾನಿಸಿದರು. ನಾನು ಅಲ್ಲಿದ್ದೆ, ಬರೆದುಕೊಂಡೆ.

ಕಾರಣ ರೊಕ್ಕೀನಾ ಅಜ್ಜಿ. ಅವರಿಗೆ ಈಗ ಎಂಬತ್ತೊಂದು. ಚಳಿಗಾಲದಲ್ಲಿ ಹಾಸಿಗೆ ಹಿಡಿದರು, ಪಾದ್ರಿಯನ್ನೂ ಕರೆಸಿದ್ದಾಯಿತು. ಅವರು ಕಣ್ಣು ಬಿಟ್ಟು ಕೇಳಿದ್ದು ಒಂದೇ: "ನನ್ನ ಸಾವಿನ ಊಟಕ್ಕೆ ಯಾವ ರೊಟ್ಟಿ ತರ್ತೀರಿ?" ವ್ಯಾನಿನದು ಅಂತ ಯಾರೋ ಹೇಳಿದರು. "ಹಂಗಾದ್ರೆ ನಾನು ಸಾಯೋದಿಲ್ಲ, ಪಾದ್ರಿಗೆ ಹೋಗೋಕೆ ಹೇಳಿ" ಅಂದರು. ಮರುವಾರ ಎದ್ದು ಕೂತರು.

ಕೆಲಸ ಮಾಡುವವರು ಮೇಸ್ತ್ರಿ ಪಾಲುಂಬೊ. ದಿನವೂ ಸಂಜೆ ಶಾಲೆಗೆ ಬರುತ್ತಾರೆ. ಇಬ್ಬರೂ ನಿಮ್ಮ ಟೇಪು ಹಿಡಿದು ಜಾಗ ಅಳೆದೆವು. ಅವರ ಕೈ ಹದವಾಗಿದೆ, ಮಾತು ಕಡಿಮೆ, ನನ್ನನ್ನು ನಗಿಸುತ್ತಾರೆ. ಇಂಥ ಸಂಜೆಗಳು ಈ ಊರಿನಲ್ಲಿ ನನಗೆ ಬಹಳ ದಿನದಿಂದ ಇರಲಿಲ್ಲ.

ತೊಡಕು ಇದು. ಕಮಾನು ಎಷ್ಟು ಎತ್ತರ, ಬಾಯಿ ಎಷ್ಟು ಎಂದು ಯಾರಿಗೂ ನೆನಪಿಲ್ಲ. ಬಾಯಿ ನಾಲ್ಕು ಬೆರಳು ಹೆಚ್ಚಾದರೆ ಶಾಖ ಓಡಿಹೋಗುತ್ತದೆ, ಕಡಿಮೆಯಾದರೆ ಹೊಗೆ ಕಟ್ಟುತ್ತದೆ ಎಂದು ಪಾಲುಂಬೊ ಹೇಳುತ್ತಾರೆ. ಹಳೆಯ ಒಲೆ ಇಟ್ಟಿಗೆಯ ಗೋಡೆಯ ಹಿಂದಿದೆ. ಅದರ ಅಳತೆ ಉಳಿದಿರುವುದು ನಿಮ್ಮ 1951ರ ನೋಟ್‌ಬುಕ್ಕಿನಲ್ಲಿ ಮಾತ್ರ. ನೀವು ಒಲೆಯೊಳಗೆ ಅರ್ಧ ತೂರಿ ಅಂಕಿ ಕೂಗಿದ್ದು, ಹೊರಬಂದಾಗ ಮುಖವೆಲ್ಲ ಮಸಿಯಾಗಿದ್ದು ನನಗೆ ನೆನಪಿದೆ. ಅಂಕಿ ನೆನಪಿಲ್ಲ.

ರೋಮಿನವರು ಕೊಡದಿದ್ದರೇನು, ಅಳತೆಯನ್ನಾದರೂ ನೀವು ಕೊಡಿ.

ಸೆರಾಫಿನಾ ಲಸಾಲ್ವಿಯಾ


ಮಿಲಾನ್, 20 ಫೆಬ್ರವರಿ 1959

ಮಾನ್ಯ ಸೆರಾಫಿನಾ ಅವರೇ,

ನೋಟ್‌ಬುಕ್ಕನ್ನೇ ಇಂದು ರಿಜಿಸ್ಟರ್ ಅಂಚೆಯಲ್ಲಿ ಕಳಿಸಿದ್ದೇನೆ. ಪುಟ 38ರಿಂದ 41. ಒಳಗಿನ ಅಗಲ ಮೂರು ಮೀಟರ್ ಹತ್ತು, ಕಮಾನಿನ ಎತ್ತರ ತೊಂಬತ್ತೈದು ಸೆಂಟಿಮೀಟರ್, ಬಾಯಿ ಅರವತ್ತು. ಉಳಿದ ಪುಟಗಳು ನಿಮ್ಮ ಉಪಯೋಗಕ್ಕೆ ಬರಲಾರವು.

ರೋಮಿನವರ ಮೇಲೆ ಇನ್ನು ತಪ್ಪು ಹೊರಿಸಬೇಡಿ. ಅವರು ಒಲೆಯನ್ನು ತಡೆಯಲಿಲ್ಲ. 9 ಮಾರ್ಚ್ 1953ರಂದು ಆ ವೃತ್ತವನ್ನು ಕೆಂಪು ಪೆನ್ಸಿಲಿನಿಂದ ಹೊಡೆದುಹಾಕಿದವನು ನಾನು. ಯಾರೂ ಹೇಳಿರಲಿಲ್ಲ. ಹೆಂಗಸರು ಮುಂಜಾನೆ ನಾಲ್ಕಕ್ಕೆ ಹಲಗೆಯ ಮೇಲೆ ಹಿಟ್ಟು ಹೊತ್ತು ಮುನ್ನೂರು ಮೆಟ್ಟಿಲು ಹತ್ತುವುದನ್ನು ನೋಡಿದ್ದೆ. ನಿಮ್ಮ ತಾಯಿಯನ್ನೂ ನೋಡಿದ್ದೆ. ಪ್ರತಿ ಹೆಣ್ಣಿಗೂ ಅವಳದೇ ಒಲೆ ಇರಲಿ, ಮಿಲಾನಿನ ಹೆಂಗಸರಿಗೆ ಇರುವ ಹಾಗೆ ಎಂದುಕೊಂಡೆ. ಅಂದು ಆ ಗೆರೆ ಎಳೆದಾಗ ಒಳ್ಳೆಯ ಕೆಲಸ ಮಾಡಿದೆನೆಂದು ಸಂತೋಷಪಟ್ಟೆ. ನಿಮ್ಮ ಮೊದಲ ವರದಿ ಬಂದ ದಿನ ನನಗೆ ತಪ್ಪು ತಿಳಿಯಿತು. ಹೇಳಲು ನಾಲಿಗೆ ಏಳಲಿಲ್ಲ. ಪರಿಶೀಲನೆಯಲ್ಲಿದೆ ಎಂದು ಬರೆದೆ. ಆ ಒಂದು ಸುಳ್ಳನ್ನು ಎದುರಿಗಿಟ್ಟುಕೊಂಡು ನಿಮ್ಮ ಅಂಗಳಕ್ಕೆ ಬರುವುದು ಹೇಗೆಂದು ತಿಳಿಯಲಿಲ್ಲ.

ಈಗ ಎಂಟು ಅಂತಸ್ತುಗಳನ್ನು ಕಟ್ಟಿ ಮುಗಿಸಿದ್ದೇನೆ. ಪ್ರತಿ ಮನೆಗೂ ಎಲ್ಲ ಇದೆ, ಯಾರಿಗೂ ಯಾರ ಬಾಗಿಲು ತಟ್ಟುವ ಅಗತ್ಯ ಬೀಳುವುದಿಲ್ಲ. ಬಹುಮಾನವೂ ಬಂತು.

ಪಾಲುಂಬೊ ಅವರಿಗೆ ನನ್ನ ಅಭಿನಂದನೆ ತಿಳಿಸಿ. ನೀವು ನಗುತ್ತಿದ್ದೀರಿ ಎಂದು ಓದಿ ಸಮಾಧಾನವಾಯಿತು. ಇಬ್ಬರಿಗೂ ಒಳ್ಳೆಯದಾಗಲಿ. ಟೇಪು ನಿಮ್ಮಲ್ಲೇ ಇರಲಿ.

ಎರ್ಮನ್ನೊ ವಿಸ್ಕಾರ್ದಿ


ಸ್ಪೀನೆ, 12 ಏಪ್ರಿಲ್ 1959

ಎರ್ಮನ್ನೊ ಅವರೇ,

ಒಲೆಯ ಕೊನೆಯ ಇಟ್ಟಿಗೆ ನಿನ್ನೆ ಬೆಳಿಗ್ಗೆ ಹತ್ತು ಗಂಟೆಗೆ ಕೂತಿತು. ಇದನ್ನು ಸಾರಿದವರು ಪಾಲುಂಬೊ. ಕಮಾನಿನ ಮೇಲೆ ನಿಂತು ಟೋಪಿ ಬೀಸಿದರು. ಅವರಿಗೆ ಅರವತ್ತೆಂಟು ವರ್ಷ, ಏಳು ಮೊಮ್ಮಕ್ಕಳು. ನಿಮ್ಮ ಅಭಿನಂದನೆಯನ್ನು ಓದಿ ಹೇಳಿದಾಗ ಅವರ ಹೆಂಡತಿ ಏಪ್ರನ್ನಿನಲ್ಲಿ ಮುಖ ಮುಚ್ಚಿಕೊಂಡು ನಕ್ಕರು. "ಟೀಚರಮ್ಮ, ಕರ್ಕೊಂಡು ಹೋಗು, ನಂದೇನೂ ಅಡ್ಡಿ ಇಲ್ಲ. ಸಾಕ್ಸು ಒಗೆಯೋದು ಒಂದು ತಪ್ಪತ್ತೆ" ಅಂದರು.

ಕೆಂಪು ಪೆನ್ಸಿಲಿನ ಸಂಗತಿಯನ್ನು ಅಂಗಳದಲ್ಲಿ ಎಲ್ಲರ ಮುಂದೆ ಓದಿದೆ. ಮುಚ್ಚಿಡುವುದು ಸಾಕೆನ್ನಿಸಿತು. ರೊಕ್ಕೀನಾ ಅಜ್ಜಿ, "ಮುನ್ನೂರು ಮೆಟ್ಟಿಲು ಹತ್ತೋದು ಕಷ್ಟ ಅಂತ ಕಂಡಿತಲ್ಲ ಅವನಿಗೆ. ನನ್ನ ಗಂಡನಿಗೆ ಕಾಣ್ಲಿಲ್ಲ" ಅಂದರು. ಅಲ್ಲಿಗೆ ಆ ಮಾತು ಮುಗಿಯಿತು.

ನೀವು ಹೇಳಿದ ಪುಟಗಳನ್ನು ಪಾಲುಂಬೊಗೆ ಓದಿ ಹೇಳುತ್ತಾ ಒಂದು ಹಾಳೆ ಹೆಚ್ಚಿಗೆ ತಿರುವಿದೆ. ಪುಟ 42. ನಿಮ್ಮ ಕೈಬರಹ. 17 ಅಕ್ಟೋಬರ್ 1951. ಇದ್ದದ್ದನ್ನು ಇದ್ದ ಹಾಗೆ ನಕಲು ಮಾಡುತ್ತೇನೆ:

"ರೊಕ್ಕೀನಾ ಹೇಳಿದ್ದು. ಗಂಡು ತನ್ನ ಹೆಸರಿನ ಅಚ್ಚು ಕೊಡುವುದು ಮದುವೆಗೆ ಕೇಳಿದಂತೆ. ರೊಟ್ಟಿಗೆ ಒತ್ತಿದರೆ ಒಪ್ಪಿಗೆ. ಮರಳಿಸಿದರೆ ಇಲ್ಲ. ಸ್ವಂತ ಕೈಯಿಂದ ಕೆತ್ತಬೇಕು, ಕೊಂಡದ್ದು ನಡೆಯದು. ಅಕ್ರೋಟ್ ಮರ ಉತ್ತಮ, ಬಿರಿಯುವುದಿಲ್ಲ."

ಅಜ್ಜಿಯ ಮನೆಗೆ ಓಡಿದೆ. "ಹೂಂ, ನಾನೇ ಹೇಳಿದ್ದು. ಎರಡು ಸಲ ಕೇಳಿದ, ಬರ್ಕೊಂಡ. ಅವತ್ತು ಪೆಟ್ಟಿಗೆ ಬಂದಾಗ ಹೇಳೋಕೆ ಬಂದ್ರೆ ನೀನು ಕೇಳಿದ್ಯಾ? ಕಚೇರಿ ಮಾದರಿ, ಕಚೇರಿ ಮಾದರಿ ಅಂತ ಕೂಗ್ತಾ ಇದ್ದೆ" ಅಂದರು. ಅವರೇ ಮುಂದುವರಿಸಿದರು: "ನೀವಿಬ್ರೂ ಓದಿದೋರು. ನಮ್ಮ ಕುರಿ ಕಾಯೋರು ಇದನ್ನ ಒಂದು ವಾರದಲ್ಲಿ ಮುಗಿಸ್ತಾರೆ ಕಣೇ."

ನಾನೂ ಒಂದು ಸುಳ್ಳು ಬರೆದಿದ್ದೆ. ಅಚ್ಚು ಶಾಲೆಯ ಕಪಾಟಿನಲ್ಲಿಲ್ಲ. ಒಂದು ದಿನವೂ ಇರಲಿಲ್ಲ. ಬಂದ ದಿನದಿಂದ ನನ್ನ ಹಿಟ್ಟಿನ ಮರಿಗೆಯಲ್ಲಿದೆ. ಬೇಕೆಂದಿದ್ದರೆ ಒತ್ತಬಹುದಿತ್ತಲ್ಲ ಎಂದು ನೀವು ಕೇಳಬಹುದು. ಎಲ್ಲಿ ಒತ್ತಲಿ? ನನ್ನದೇ ಅಡುಗೆಮನೆಯಲ್ಲಿ, ನನ್ನದೇ ಒಲೆಯಲ್ಲಿ, ನಾನೊಬ್ಬಳೇ ತಿನ್ನುವ ರೊಟ್ಟಿಗೆ? ಒಮ್ಮೆ ಒತ್ತಿಯೂ ನೋಡಿದೆ, 1955ರ ಮಾರ್ಚಿನಲ್ಲಿ. ಹಿಡಿಯ ಬಾತುಕೋಳಿ ಕೈಯಲ್ಲಿ ಚೆನ್ನಾಗಿ ಕೂತಿತು, ಅಕ್ಷರ ಸ್ಪಷ್ಟವಾಗಿ ಬಂತು. ಓದುವವರು ಯಾರೂ ಇರಲಿಲ್ಲ. ಬಾಗಿಲು ಹಾಕಿಕೊಂಡು ನಾಲ್ಕು ದಿನ ತಿಂದೆ.

ಅಚ್ಚು ಈಗ ಮೇಜಿನ ಮೇಲಿದೆ. ಎರಡು ಕಡೆ ಸ್ವಲ್ಪ ಸವೆದಿದೆ, ಕೈಯಲ್ಲಿ ಹಿಡಿದು. ಮರ ಬಿರಿದಿಲ್ಲ.

ಮೊದಲ ಬೆಂಕಿ ಶನಿವಾರ, 25 ಏಪ್ರಿಲ್, ಬೆಳಿಗ್ಗೆ ಆರಕ್ಕೆ. ಹಚ್ಚುವವರು ರೊಕ್ಕೀನಾ ಅಜ್ಜಿ. ಅಂದು ದೇಶಕ್ಕೆಲ್ಲ ರಜೆ, ನಿಮ್ಮ ಕಚೇರಿಗೂ. ಸರದಿಯ ಚೀಟಿ ಎತ್ತಿದ್ದಾಗಿದೆ. ಮೊದಲ ದಿನಕ್ಕೆ ಹತ್ತು ಮನೆ, ಮೂರನೆಯದು ನನ್ನದು. ಫೊಜ್ಜಾ ಪಟ್ಟಣದಿಂದ ಬರುವ ಬಸ್ಸು ಸ್ಪೀನೆಗೆ ಹನ್ನೊಂದು ಇಪ್ಪತ್ತಕ್ಕೆ ತಲುಪುತ್ತದೆ. ರೊಟ್ಟಿ ಹೊರತೆಗೆಯುವುದು ಹನ್ನೆರಡಕ್ಕೆ.

ಸೆರಾಫಿನಾ